ಕಟ್ಟಿನಕೆರೆ ಬೀದಿಗೆ ಒಂಬತ್ತು ಕಾಗದ

ಪೋಸ್ಟರಿನಲ್ಲಿ ಮಿಸ್ ಇಂದುರೇಖಾ.
ಹಾಸನದ ಕಟ್ಟಿನಕೆರೆ ಬೀದಿಯಲ್ಲಿ ಮಾತ್ರ ಇನ್ನೂ
ಬಳೆ ಅಡಿವೆಪ್ಪನ ಎರಡನೇ ಮಗಳು ಅಚ್ಚಮ್ಮ,
ನಾಟಕದವರ ಗಾಡಿ ಹತ್ತಿ ಹೋದವಳು.
ಅವಳ ಹೆಸರೆತ್ತಿದರೆ ಅಡಿವೆಪ್ಪ
ಕೈಲಿದ್ದ ಬಳೆ ಮುರಿದು ಮೋರಿಗೆ ಹಾಕುತ್ತಿದ್ದನಂತೆ.
ಬಂದ ಕಾಗದಗಳು ನೇರ ಹಂಡೆಯೊಲೆಗೆ.

ನಾನು ಹೇಳಹೊರಟದ್ದು ಮೊದಲನೇ ಮಗಳ ವಿಷಯ,
ನಮ್ಮಜ್ಜಿ, ಬೋರಾಜಮ್ಮ.
ಆರನೇ ವಯಸ್ಸಿನಲ್ಲಿ ಬಂದ ಜ್ವರ ಹೋಗುವಾಗ
ಕಿವಿ ಎರಡನ್ನೂ ಕರಕೊಂಡು ಹೋಯಿತು.
ಆಮೇಲೆ ಅವಳಿಗೆ ಮಾತೆಂದರೆ ತುಟಿ.
ತಂಗಿ ದನಿ ತೆಗೆಯದೆ ಮಾತಾಡಲು ಕಲಿತದ್ದು ಅವಳಿಗಾಗಿ:
ಅಪ್ಪನ ಬೆನ್ನ ಹಿಂದೆ, ಊಟದ ಸಾಲಿನಲ್ಲಿ,
ರಾತ್ರಿ ಬುಡ್ಡಿದೀಪ ಗಲ್ಲದ ಕೆಳಗೆ ಹಿಡಿದು,
ಹುಬ್ಬಿನಲ್ಲಿ ಸಿಟ್ಟು, ಕತ್ತಿನಲ್ಲಿ ಪ್ರಶ್ನೆ.
ಎಲ್ಲಿ ಕಲಿತೆ ಈ ಅಭಿನಯ ಎಂದು ಬೊಂಬಾಯಿಯ ಸೇಠ ಕೇಳಿದಾಗ
ಯಾವ ಗುರುವಿನ ಹೆಸರು ಹೇಳಿದಳೋ.

ಹಾಸನಾಂಬೆಯ ಬಾಗಿಲು ತೆಗೆದ ವಾರ
ಅವಳ ಮೊದಲ ಪಿಕ್ಚರು ಹೊತ್ತು ಟೆಂಟು ಬಂತು.
ಕೋಲು ಹಿಡಿದ ಶೀನಪ್ಪ ಪರದೆ ಪಕ್ಕ ನಿಂತು
ಬಿದ್ದ ಅಕ್ಷರವನ್ನೆಲ್ಲ ಅರಚಿ ಓದುತ್ತಿದ್ದ:
"ಪ್ರಾಣಕಾಂತಾ! ಎನ್ನೊಬ್ಬಳನೇ ಅಡವಿಯಲಿ ತೊರೆದೆಯಾ!"
ಹೆಂಗಸರ ಕಡೆಯಿಂದ ಮೂಗು ಒರೆಸುವ ಸದ್ದು.
ಅಷ್ಟೂ ಅಳುವಿನ ನಡುವೆ ಅಜ್ಜಿ ಗೊಳ್ಳೆಂದು ನಕ್ಕಳು.
ರಾಣಿ ಎದೆ ಬಡಿದುಕೊಂಡು ಅಂದದ್ದು:
"ಅಕ್ಕಾ, ಇಲ್ಲಿ ಸಾರಿಗೆ ಬೆಲ್ಲ ಹಾಕ್ತಾರೆ ಕಣೇ."

ಕೆಪ್ಪಿಗೆ ತಲೆಯೂ ಕೆಟ್ಟಿತು ಅಂದರು.
ಅವಳು ಮಾರನೆಯ ದಿನವೂ ಹೋದಳು, ಅದರ ಮಾರನೆಯ ದಿನವೂ,
ಆಲೂಗೆಡ್ಡೆ ಮಂಡಿಯಲ್ಲಿ ಚೀಲ ಹೊಲಿದ ಕಾಸಿನಲ್ಲಿ
ಅದೇ ಒಂದು ಸಾಲನ್ನು ಮತ್ತೆ ಓದಲು.

ಏಳು ವರ್ಷಕ್ಕೆ ಒಂಬತ್ತು ಬಂದವು.
ದೇವಕನ್ಯೆ ಹತ್ತಿಯ ಮೋಡದ ಮೇಲೆ ಕೂತು:
"ಅವ್ವನ ಕೆಮ್ಮು ವಾಸಿಯಾಯ್ತಾ?"
ವಿಷದ ಬಟ್ಟಲು ಎತ್ತುವಾಗ:
"ತಿಂಗಳಿಗೆ ಹದಿನೈದು ರೂಪಾಯಿ ಬಾಡಿಗೆ, ಕೋಣೆ ನಮ್ಮ ಕೋಳಿಗೂಡಿನಷ್ಟಿದೆ."
ಒಂದರಲ್ಲಿ ಮುಖ ಆಚೆ ತಿರುಗಿ ಅರ್ಧ ಮಾತು ಹೋಯಿತು,
ಇನ್ನೊಂದರಲ್ಲಿ ಕುದುರೆಯಿಂದ ನಿಜವಾಗಿಯೇ ಬಿದ್ದಿರಬೇಕು,
ತುಟಿಯ ಮೇಲೆ "ಅವ್ವಾ" ಬಿಟ್ಟು ಬೇರೇನಿಲ್ಲ.

ಐದನೆಯದರಲ್ಲಿ ರಾಜಸಭೆಯ ನಡುವೆ ಕೈಮುಗಿದು ನಿಂತು
ಎರಡು ಸಲ ಅಂದಳು, ನಿಧಾನವಾಗಿ:
"ಮಗು ನಿಲ್ಲಲಿಲ್ಲ."
ಶೀನಪ್ಪ ಓದಿದ: "ಮಹಾಪ್ರಭು, ನಾನು ನಿರಪರಾಧಿ!"
ಆವತ್ತು ಅಜ್ಜಿ ಅತ್ತಳು. ಸುತ್ತಲೂ ಎಲ್ಲರೂ ಅಳುತ್ತಿದ್ದುದರಿಂದ
ಯಾರೂ ತಿರುಗಿ ನೋಡಲಿಲ್ಲ.

ಉತ್ತರ ಬರೆಯಲು ಅಜ್ಜಿಗೆ ಅಕ್ಷರ ಬಾರದು,
ವಿಳಾಸವಂತೂ ಒಲೆಯಲ್ಲಿ ಬೂದಿ.
ಅವ್ವ ತೀರಿಕೊಂಡ ಮೇಲೂ ಎರಡು ಪಿಕ್ಚರಲ್ಲಿ
ಅಚ್ಚಮ್ಮ ಅವ್ವನ ಕೆಮ್ಮು ವಿಚಾರಿಸಿದಳು.

ಒಂಬತ್ತನೆಯದರ ಕೊನೆಗೆ ಮದುವೆ ಮಂಟಪ.
ಬಾಸಿಂಗ ಕಟ್ಟಿದ ಮದುಮಗಳು ತಲೆಯೆತ್ತಿ ನೇರ ನೋಡಿ:
"ಮಾತು ಬಂತಂತೆ ಅಕ್ಕ. ಇನ್ಮೇಲೆ ಮಾತಾಡೋಕಾಗಲ್ಲ."

ಬಂದದ್ದು ನಿಜ. ತಗಡಿನ ಥಿಯೇಟರಿನಲ್ಲಿ
ಪರದೆ ತಾನೇ ಹಾಡಿತು, ತಾನೇ ಬೈಯಿತು.
ಶೀನಪ್ಪ ಬಸ್ ಸ್ಟ್ಯಾಂಡ್ ಸೇರಿ ಊರು ಕೂಗಿದ:
ಆಲೂರು, ಬೇಲೂರು, ಸಕಲೇಶಪುರ.
ಅಚ್ಚಮ್ಮನಿಗೆ ಸಿಕ್ಕಿದ್ದು ಒಂದೇ ಟಾಕಿ,
ತಟ್ಟೆ ಹಿಡಿದು ಬರುವ ದಾಸಿ, ಹಿಂದಿಯಲ್ಲಿ ಎರಡು ಮಾತು.
ಅಜ್ಜಿ ಮೂರು ಸಲ ನೋಡಿ ಬಂದು ಅಂದಳಂತೆ:
"ಅವಳು ಏನೂ ಹೇಳಲಿಲ್ಲ."

ರೀಲುಗಳಲ್ಲಿ ಒಂದೂ ಉಳಿದಿಲ್ಲ, ಬೆಳ್ಳಿಗೆ ಕರಗಿಸಿದರೆಂದು ಕೇಳಿದ್ದೇನೆ.
ಅಚ್ಚಮ್ಮ ಎಲ್ಲಿ ಸತ್ತಳೋ, ಆ ಹೆಸರಿನಲ್ಲೋ ಈ ಹೆಸರಿನಲ್ಲೋ.

ಕೊನೆಯ ವರ್ಷ ಅಜ್ಜಿ ಸುಣ್ಣದ ಗೋಡೆಗೆ ಮುಖಮಾಡಿ
ಹಗಲೆಲ್ಲ ತುಟಿ ಆಡಿಸುತ್ತಿದ್ದಳು.
ಜಪ ಅಂದುಕೊಂಡಿದ್ದೆವು.
ಒಂದು ಸಂಜೆ ಹಾಸಿಗೆ ಬದಲಿಸುತ್ತಾ
ಎದುರು ಕೂತು ಓದಿದೆ:

"ಬೆಲ್ಲ ಹಾಕಿದ್ರೆ ಹಾಕ್ಲಿ ಬಿಡೇ.
ಹೊಟ್ಟೆ ತುಂಬ ಉಣ್ಣು."